ಗಿರಾಕಿಗೆ ಗೊತ್ತಿಲ್ಲದ ಲೋಕದ ಸರಕು

ಕೊಂಡವನಿಗೂ ಸಂತೋಷ, ಮಾರಿದವನಿಗೂ ಸಂತೋಷ, ಯಾರೂ ಯಾರನ್ನೂ ಬಲವಂತ ಮಾಡಿಲ್ಲ. ಹೀಗಿದ್ದ ಮೇಲೆ ಆ ವ್ಯಾಪಾರದಲ್ಲಿ ತಪ್ಪು ಹುಡುಕುವುದು ಯಾಕೆ? ನಮ್ಮ ತರಗತಿಯಲ್ಲಿ ಹೆಚ್ಚುಕಡಿಮೆ ಎಲ್ಲರೂ ಈ ಪ್ರಶ್ನೆಯನ್ನು ನನಗೆ ಕೇಳಿ ಆಗಿದೆ. ನಾನು ತಪ್ಪು ಹುಡುಕುತ್ತಿರುವುದು ಲೋಕದಲ್ಲೇ ಇಲ್ಲದ ಒಂದು ಕಂಪೆನಿಯಲ್ಲಿ ಎಂಬುದು ಅವರ ನಗುವಿಗೆ ಇನ್ನೊಂದು ಕಾರಣ. ಇರಲಿ. ಪರೀಕ್ಷೆಗೆ ಬಾರದ ವಿಷಯದ ಬಗ್ಗೆ ಎರಡು ಪುಟ ಬರೆಯಲು ಇದೊಂದೇ ಜಾಗ ನಮಗಿರುವುದು.

ಕಂಪೆನಿಯ ಹೆಸರು ಕ್ರಾಸ್‌ಟೈಮ್ ಟ್ರಾಫಿಕ್. ಅದು ಇರುವುದು ಅಮೆರಿಕದ ಲೇಖಕ ಹ್ಯಾರಿ ಟರ್ಟಲ್‌ಡವ್ ಅವರ ಕಾದಂಬರಿಗಳಲ್ಲಿ. 2003ರಿಂದ 2008ರವರೆಗೆ ಬಂದ ಆರು ಪುಸ್ತಕಗಳ ಸರಣಿ. ನಮ್ಮ ವಯಸ್ಸಿನವರಿಗೆಂದೇ ಬರೆದದ್ದು. ಲೇಖಕರು ಬೈಜಾಂಟೈನ್ ಇತಿಹಾಸದಲ್ಲಿ ಡಾಕ್ಟರೇಟ್ ಮಾಡಿದವರು, ಆದ್ದರಿಂದ ಹಳೆಯ ಪಟ್ಟಣಗಳ ಸಂತೆ, ಸುಂಕ, ಕೋಟೆಯ ವಿಷಯ ಬಂದಾಗ ಅವರ ಕೈ ತಡವರಿಸುವುದಿಲ್ಲ. ನಮ್ಮ ಗ್ರಂಥಾಲಯದ ಕೊನೆಯ ಕಪಾಟಿನಲ್ಲಿ ಈ ಸರಣಿಯ ಮೊದಲ ಮೂರು ಪುಸ್ತಕಗಳಿವೆ. ಯಾರೋ ಹಳೆಯ ವಿದ್ಯಾರ್ಥಿ ಗಲ್ಫಿನಿಂದ ಬರುವಾಗ ತಂದು ಕೊಟ್ಟದ್ದಂತೆ. ಇಂಗ್ಲಿಷ್ ಕಷ್ಟವಿಲ್ಲ.

ಕಥೆಯ ಆಧಾರ ಇಷ್ಟು. ಈ ಶತಮಾನದ ಕೊನೆಯ ಹೊತ್ತಿಗೆ ನಮ್ಮ ಭೂಮಿಯಲ್ಲಿ ಆಹಾರ, ಇಂಧನ ಎಲ್ಲಕ್ಕೂ ತತ್ವಾರ ಬಂದಿದೆ. ಆದರೆ ಮನುಷ್ಯರು ಸಮಾಂತರ ಲೋಕಗಳಿಗೆ ಹೋಗುವ ದಾರಿ ಕಂಡುಕೊಂಡಿದ್ದಾರೆ. ಇದು ಟೈಮ್ ಮೆಷಿನ್ ಅಲ್ಲ, ಹಿಂದಿನ ಕಾಲಕ್ಕೆ ಹೋಗುವುದಿಲ್ಲ. ಹೋಗುವುದು ಅದೇ ದಿನಾಂಕದ ಇನ್ನೊಂದು ಭೂಮಿಗೆ. ಅಲ್ಲಿ ಇತಿಹಾಸ ಎಲ್ಲೋ ಒಂದು ಕಡೆ ಬೇರೆ ತಿರುವು ತೆಗೆದುಕೊಂಡಿರುತ್ತದೆ. ಮೊದಲ ಪುಸ್ತಕ ‘ಗನ್‌ಪೌಡರ್ ಎಂಪೈರ್’ನಲ್ಲಿ ರೋಮ್ ಸಾಮ್ರಾಜ್ಯ ಬಿದ್ದೇ ಇಲ್ಲ. ಸಾಮ್ರಾಟ ಅಗಸ್ಟಸ್‌ನ ಸೇನಾಪತಿ ಅಗ್ರಿಪ್ಪ ನಮ್ಮ ಇತಿಹಾಸದಲ್ಲಿ ಕ್ರಿಸ್ತಪೂರ್ವ 12ರಲ್ಲಿ ತೀರಿಕೊಂಡ. ಅಲ್ಲಿ ಅವನು ಇನ್ನೂ ಕೆಲವು ವರ್ಷ ಬದುಕಿ ಜರ್ಮನಿಯನ್ನು ಗೆದ್ದ. ಅಷ್ಟರಿಂದಲೇ ಎರಡು ಸಾವಿರ ವರ್ಷದ ಇತಿಹಾಸ ಬದಲಾಗಿ, ಆ ಲೋಕ ಈಗಷ್ಟೇ ಕೋವಿಮದ್ದಿನ ಕಾಲಕ್ಕೆ ಬಂದು ನಿಂತಿದೆ.

ಆ ಸಾಮ್ರಾಜ್ಯದ ಗಡಿಯಲ್ಲಿ ಪೊಲಿಸ್ಸೊ ಎಂಬ ಪಟ್ಟಣ. ಈಗಿನ ರೊಮೇನಿಯಾದಲ್ಲಿ ಪಾಳುಬಿದ್ದಿರುವ ಪೊರೊಲಿಸ್ಸಮ್ ಎಂಬ ರೋಮನ್ ನೆಲೆಯೇ ಅದು. ಅಲ್ಲಿ ಮಾತ್ರ ಜನ ತುಂಬಿದ ಊರು. ಕಂಪೆನಿಯ ಒಂದು ಕುಟುಂಬ ಸ್ಥಳೀಯ ವ್ಯಾಪಾರಿಗಳ ವೇಷದಲ್ಲಿ ಅಲ್ಲಿ ಮನೆ ಮಾಡಿದೆ. ಅಪ್ಪ, ಅಮ್ಮ, ಜೆರೆಮಿ ಎಂಬ ಮಗ, ಅಮಾಂಡಾ ಎಂಬ ಮಗಳು. ಮಾರುವುದು ಕೀಲಿ ಕೊಡುವ ಜೇಬುಗಡಿಯಾರ, ಕನ್ನಡಿ, ಕ್ಷೌರದ ಕತ್ತಿ, ಹತ್ತು ಅಲಗಿನ ಸ್ವಿಸ್ ಚಾಕು. ಬದಲಿಗೆ ಅವರಿಗೆ ಬೇಕಾದದ್ದು ಬೆಳ್ಳಿಯಲ್ಲ, ಧಾನ್ಯ. ಗಾಡಿಗಟ್ಟಲೆ ಧಾನ್ಯ.

ನನ್ನ ಪಕ್ಕದ ಬೆಂಚಿನ ಗೆಳತಿಯ ವಾದ ಇಲ್ಲಿಂದಲೇ ಶುರು. “ರಿಕಾರ್ಡೊ ಹೇಳಿದ್ದೂ ಇದನ್ನೇ ಅಲ್ವಾ?” ಎನ್ನುತ್ತಾಳೆ. ಡೇವಿಡ್ ರಿಕಾರ್ಡೊ 1817ರಲ್ಲಿ ಕೊಟ್ಟ ಉದಾಹರಣೆ ನಮಗೆಲ್ಲ ಗೊತ್ತು: ಇಂಗ್ಲೆಂಡಿನ ಬಟ್ಟೆ, ಪೋರ್ಚುಗಲ್‌ನ ದ್ರಾಕ್ಷಾರಸ. ಯಾರು ಯಾವುದನ್ನು ಹೋಲಿಕೆಯಲ್ಲಿ ಅಗ್ಗವಾಗಿ ಮಾಡಬಲ್ಲರೋ ಅದನ್ನೇ ಮಾಡಿ ಬದಲಾಯಿಸಿಕೊಂಡರೆ ಇಬ್ಬರಿಗೂ ಲಾಭ. ಕಂಪೆನಿಗೆ ಗಡಿಯಾರ ಅಗ್ಗ, ಪೊಲಿಸ್ಸೊದವರಿಗೆ ಧಾನ್ಯ ಅಗ್ಗ. ಲೆಕ್ಕ ಸರಿಯಾಯಿತಲ್ಲ?

ಲೆಕ್ಕ ಸರಿ. ಇಬ್ಬರಿಗೂ ಲಾಭ ಆಗುತ್ತದೆ ಎಂದು ಮಾತ್ರ ಆ ಲೆಕ್ಕ ಹೇಳುತ್ತದೆ. ಆ ಲಾಭದಲ್ಲಿ ಯಾರಿಗೆ ಎಷ್ಟು ಪಾಲು ಎಂಬುದನ್ನು ಹೇಳುವುದಿಲ್ಲ. ಪಾಲು ನಿಂತಿರುವುದು ಚೌಕಾಸಿಯ ಮೇಲೆ. ಚೌಕಾಸಿ ಮಾಡಬೇಕಾದರೆ ಆ ವಸ್ತು ಇನ್ನೊಂದು ಕಡೆ ಎಷ್ಟಕ್ಕೆ ಸಿಗುತ್ತದೆ ಎಂಬ ಅಂದಾಜಾದರೂ ಬೇಕು. ಪೋರ್ಚುಗಲ್‌ನ ವ್ಯಾಪಾರಿ ಹಡಗು ಹತ್ತಿ ಲಂಡನ್ನಿಗೆ ಹೋಗಿ ಬಟ್ಟೆಯ ದರ ಕೇಳಿ ಬರಬಹುದಿತ್ತು. ಪೊಲಿಸ್ಸೊದ ಗಿರಾಕಿ ಎಲ್ಲಿಗೆ ಹೋಗಬೇಕು? ಅವನು ಒಂದು ವರ್ಷದ ಬೆಳೆಯನ್ನು ಕೊಟ್ಟು ಕೊಂಡ ಗಡಿಯಾರ ಇನ್ನೊಂದು ಲೋಕದಲ್ಲಿ ಚಿಲ್ಲರೆ ಕಾಸಿನ ವಸ್ತು ಎಂಬುದು ಅವನಿಗೂ ತಿಳಿಯುವುದಿಲ್ಲ, ಅವನ ಮೊಮ್ಮಗನಿಗೂ ತಿಳಿಯುವುದಿಲ್ಲ. ತಿಳಿಯದಂತೆ ನೋಡಿಕೊಳ್ಳುವುದು ಕಂಪೆನಿಯ ಮೊದಲ ನಿಯಮ.

ಗುಟ್ಟು ವ್ಯಾಪಾರದಷ್ಟೇ ಹಳೆಯದು, ಒಪ್ಪುತ್ತೇನೆ. ದಾಲ್ಚಿನ್ನಿ ಎಲ್ಲಿಂದ ಬರುತ್ತದೆ ಎಂದು ಗ್ರೀಕರು ಕೇಳಿದಾಗ ಸಿಕ್ಕ ಉತ್ತರವನ್ನು ಹೆರೊಡೋಟಸ್ ಬರೆದಿಟ್ಟಿದ್ದಾನೆ. ದೊಡ್ಡ ಹಕ್ಕಿಗಳು ದಾಲ್ಚಿನ್ನಿ ಕಡ್ಡಿಗಳಿಂದ ಬೆಟ್ಟದ ತುದಿಯಲ್ಲಿ ಗೂಡು ಕಟ್ಟುತ್ತವಂತೆ. ಅರಬರು ಕೆಳಗೆ ದೊಡ್ಡ ದೊಡ್ಡ ಮಾಂಸದ ತುಂಡು ಇಡುತ್ತಾರಂತೆ, ಹಕ್ಕಿಗಳು ಅದನ್ನು ಹೊತ್ತು ಹೋದಾಗ ಭಾರಕ್ಕೆ ಗೂಡು ಮುರಿದು ಬೀಳುತ್ತದಂತೆ. ಸುಮಾರು ಐನೂರು ವರ್ಷದ ಬಳಿಕ ರೋಮಿನ ಪ್ಲಿನಿ ಈ ಕಥೆಗಳೆಲ್ಲ ಬೆಲೆ ಏರಿಸುವುದಕ್ಕೆ ಕಟ್ಟಿದವು ಎಂದು ಸಿಟ್ಟಿನಿಂದ ಬರೆದ. ಮರದ ತೊಗಟೆಗೆ ಹಕ್ಕಿಯ ಗೂಡಿನ ಬೆಲೆ! ಆದರೂ ಗಮನಿಸಿ, ಪ್ಲಿನಿಗೆ ಸಂಶಯ ಬಂತು. ಒಂದೇ ಭೂಮಿಯ ಗುಟ್ಟು ಐನೂರು ವರ್ಷಕ್ಕಾದರೂ ಸೋರುತ್ತದೆ, ಯಾವನೋ ಒಬ್ಬ ನಾವಿಕ ಬಾಯಿಬಿಡುತ್ತಾನೆ. ಕ್ರಾಸ್‌ಟೈಮ್ ಟ್ರಾಫಿಕ್‌ನ ಗುಟ್ಟಿಗೆ ಅಂಥ ಸೋರುವ ಜಾಗವೇ ಇಲ್ಲ, ಬಾಗಿಲಿನ ಕೀಲಿ ಒಬ್ಬರ ಕೈಯಲ್ಲೇ ಇದೆ.

ಇದಕ್ಕೆ ತದ್ವಿರುದ್ಧವಾದ ಉದಾಹರಣೆ ನಮ್ಮ ಕರಾವಳಿಯಲ್ಲೇ ಇದೆ. ಹನ್ನೆರಡನೆಯ ಶತಮಾನದಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಟುನೀಶಿಯಾ ಮೂಲದ ಯಹೂದಿ ವ್ಯಾಪಾರಿ ಏಡನ್ನಿನಿಂದ ಬಂದು ಮಂಗಳೂರಿನಲ್ಲಿ ಹಲವು ವರ್ಷ ನೆಲೆಸಿದ್ದ. ಅವನ ಕಾಗದಪತ್ರಗಳು ಕೈರೋದ ಹಳೆಯ ಸಿನಗಾಗ್ ಒಂದರ ಉಗ್ರಾಣದಲ್ಲಿ ಸಿಕ್ಕಿದವು. ಭಾಷೆ ಅರಬಿ, ಲಿಪಿ ಹೀಬ್ರೂ. ಅಮಿತಾವ್ ಘೋಷ್ 1992ರಲ್ಲಿ ಪ್ರಕಟಿಸಿದ ‘ಇನ್ ಆ್ಯನ್ ಆ್ಯಂಟಿಕ್ ಲ್ಯಾಂಡ್’ ಪುಸ್ತಕಕ್ಕೆ ಆಧಾರ ಈ ಪತ್ರಗಳೇ. ಇಲ್ಲಿಂದ ಕಾಳುಮೆಣಸು, ಏಲಕ್ಕಿ, ಅಡಿಕೆ, ಕಬ್ಬಿಣ ಹೋಗುತ್ತಿತ್ತು. ಅಲ್ಲಿಂದ ಕಾಗದ, ಸಕ್ಕರೆ, ಒಣದ್ರಾಕ್ಷಿ, ಕರಗಿಸಿ ಹೊಸದು ಮಾಡಲು ಮುರಿದ ಪಾತ್ರೆಗಳು ಬರುತ್ತಿದ್ದವು. ಸರಕಿನ ಜೊತೆಗೆ ಸುದ್ದಿಯೂ ಬರುತ್ತಿತ್ತು. ಯಾವುದು ಯಾವ ದರಕ್ಕೆ ಹೋಯಿತು, ಯಾರು ಮುಂಗಡ ತೆಗೆದುಕೊಂಡು ಏಲಕ್ಕಿ ಕೊಡದೆ ಸತಾಯಿಸುತ್ತಿದ್ದಾನೆ, ಎಲ್ಲ. ಸಮುದ್ರ ನಡುವೆ ಇದ್ದರೂ ಈ ದಡದವರು ಆ ದಡದ ದರ ಕೇಳಬಲ್ಲವರಾಗಿದ್ದರು. ಆ ವ್ಯಾಪಾರ ಹಾಲಿನಂತೆ ಶುದ್ಧವಾಗಿತ್ತು ಎಂದು ನಾನು ಹೇಳುತ್ತಿಲ್ಲ. ಬೆನ್ ಯಿಜುವಿನ ಪರವಾಗಿ ಏಡನ್ನಿಗೆ ಹೋಗಿ ವ್ಯವಹಾರ ನಡೆಸುತ್ತಿದ್ದ ಬೊಮ್ಮ ಒಬ್ಬ ಗುಲಾಮ. ಆದರೆ ಬೊಮ್ಮನೂ ಏಡನ್ನಿನ ಪೇಟೆಯನ್ನು ಕಣ್ಣಾರೆ ಕಂಡವನು ಎಂಬುದನ್ನು ಮರೆಯಬಾರದು.

ಧಾರ್ಮಿಕ ತರಗತಿಯಲ್ಲಿ ಉಸ್ತಾದರು ವ್ಯಾಪಾರದ ಅಧ್ಯಾಯ ಮಾಡುವಾಗ ಹೇಳಿದ ಒಂದು ನಿಯಮ ಇಲ್ಲಿ ನೆನಪಾಗುತ್ತದೆ. ಹಳ್ಳಿಯಿಂದ ಸರಕು ಹೊತ್ತು ಬರುವ ಕಾಫಿಲಾವನ್ನು ಊರ ಹೊರಗೇ ತಡೆದು, ಪೇಟೆಯ ದರ ಅವರಿಗೆ ತಿಳಿಯುವ ಮೊದಲೇ ಕೊಂಡುಕೊಳ್ಳುವುದನ್ನು ಪ್ರವಾದಿಯವರು ನಿಷೇಧಿಸಿದರು. ಫಿಕ್‌ಹ್ ಗ್ರಂಥಗಳಲ್ಲಿ ಇದಕ್ಕೆ ತಲಕ್ಕಿ ಎಂದು ಹೆಸರು. ಅಂಥ ಮಾರಾಟ ನಡೆದಿದ್ದರೆ, ಪೇಟೆಗೆ ಬಂದು ದರ ಕೇಳಿದ ಮೇಲೆ ಅದನ್ನು ರದ್ದು ಮಾಡುವ ಹಕ್ಕು ಮಾರಿದವನಿಗೆ ಇದೆ. ಪರೀಕ್ಷೆಗಾಗಿ ಬಾಯಿಪಾಠ ಮಾಡಿ ಮುಗಿಸಿದ್ದ ಈ ನಿಯಮ ‘ಗನ್‌ಪೌಡರ್ ಎಂಪೈರ್’ ಓದುವಾಗ ನನಗೆ ಮತ್ತೆ ಎದುರಾಯಿತು. ಊರ ಹೊರಗೆ ನಿಂತು ಕಾಫಿಲಾ ತಡೆದವನು ಸುಳ್ಳು ಹೇಳಬೇಕಾಗಿಲ್ಲ, ಬಲವಂತವನ್ನೂ ಮಾಡಬೇಕಾಗಿಲ್ಲ. ತನಗೆ ಗೊತ್ತಿರುವುದು ಎದುರಿನವನಿಗೆ ಗೊತ್ತಿಲ್ಲದ ಆ ಅರ್ಧ ಗಂಟೆಯೇ ಅವನ ಬಂಡವಾಳ. ಕ್ರಾಸ್‌ಟೈಮ್ ಟ್ರಾಫಿಕ್ ಆ ಅರ್ಧ ಗಂಟೆಯನ್ನು ಶಾಶ್ವತ ಮಾಡಿಕೊಂಡ ಕಂಪೆನಿ. ಅದರ ಕಾಫಿಲಾ ಪೇಟೆಯನ್ನು ಮುಟ್ಟುವುದೇ ಇಲ್ಲ.

ಇಷ್ಟನ್ನು ನಾನು ಮನೆಯಲ್ಲಿ ಉಮ್ಮನಿಗೆ ವಿವರಿಸಿದೆ. ಉಮ್ಮ ಬೀಡಿ ಕಟ್ಟುತ್ತಾರೆ. ಮಡಿಲಲ್ಲಿ ಗೆರಸೆ ಇಟ್ಟುಕೊಂಡೇ ಕೇಳಿದರು, ಕೈ ನಿಲ್ಲಿಸಲಿಲ್ಲ. ಕೊನೆಗೆ ಹೇಳಿದ್ದು ಇಷ್ಟು: “ಬೀಡಿ ಕಟ್ಟಿನ ಮೇಲೆ ಬೆಲೆ ಅಚ್ಚು ಹಾಕಿರ್ತಾರೆ, ನಾನೂ ಓದಿದ್ದೇನೆ. ಸಾವಿರಕ್ಕೆ ನನಗೆಷ್ಟು ಅಂತಲೂ ಗೊತ್ತು. ಗೊತ್ತಿದ್ದು ಏನಾಯ್ತು ಮೋಳೇ? ಬ್ರಾಂಚಿನಲ್ಲಿ ಒಂದು ಹಿಡಿ ತೆಗೆದು ಇದು ಸರಿಯಿಲ್ಲ ಅಂತ ಪಕ್ಕಕ್ಕೆ ಹಾಕಿದರೆ ಸುಮ್ಮನೆ ಬರ್ತೇನೆ.”

ನನ್ನ ವಾದಕ್ಕೆ ತರಗತಿಯಲ್ಲಿ ಯಾರೂ ಇಷ್ಟು ಗಟ್ಟಿಯಾದ ಪೆಟ್ಟು ಕೊಟ್ಟಿರಲಿಲ್ಲ. ದರ ಗೊತ್ತಿದ್ದ ಮಾತ್ರಕ್ಕೆ ಪಾಲು ಹೆಚ್ಚುವುದಿಲ್ಲ. “ಬೇಡ, ನಿನಗೆ ಕೊಡುವುದಿಲ್ಲ” ಎಂದು ಹೇಳಿ ಎದ್ದು ಬರಲು ಇನ್ನೊಂದು ಬಾಗಿಲು ಇರಬೇಕು. ತಲಕ್ಕಿಯ ನಿಯಮದಲ್ಲಿ ಎರಡೂ ಒಟ್ಟಿಗೆ ಇರುವುದು ಆಗ ನನಗೆ ಕಂಡಿತು. ದರ ಗೊತ್ತಾಗಬೇಕು, ಗೊತ್ತಾದ ಮೇಲೆ ವ್ಯಾಪಾರ ಮುರಿಯುವ ಹಕ್ಕೂ ಇರಬೇಕು. ಬೀಡಿ ಕಟ್ಟುವವರಿಗೆ ಅರ್ಧವಾದರೂ ಗೊತ್ತಿದೆ. ಆ ಅರ್ಧದ ಆಧಾರದಲ್ಲೇ ನಮ್ಮ ಜಿಲ್ಲೆಯಲ್ಲಿ ಬೀಡಿ ಕಾರ್ಮಿಕರ ಸಂಘಗಳು ಎದ್ದವು, ಕನಿಷ್ಠ ಕೂಲಿ ಕೇಳಿದವು, ಭವಿಷ್ಯನಿಧಿ ಕೇಳಿದವು. ಪೊಲಿಸ್ಸೊದವರು ಸಂಘ ಕಟ್ಟುವುದಾದರೂ ಯಾರ ವಿರುದ್ಧ? ಅವರ ಕಣ್ಣಿಗೆ ಅಲ್ಲಿರುವುದು ಒಳ್ಳೆಯ ಗಡಿಯಾರ ಮಾರುವ ಒಂದು ಮರ್ಯಾದಸ್ಥ ಕುಟುಂಬ ಅಷ್ಟೇ.

ಇನ್ನೊಂದು ಮಾತು. ಅಂಗಡಿಯಲ್ಲಿ ಏನಿದೆ ಎಂಬುದಕ್ಕಿಂತ ಏನಿಲ್ಲ ಎಂಬುದನ್ನು ನೋಡಿ. ಗಡಿಯಾರಕ್ಕೆ ಕೀಲಿ ಕೊಡಬೇಕು, ಬ್ಯಾಟರಿ ಇಲ್ಲ. ಯಾಕೆಂದರೆ ಬ್ಯಾಟರಿ ಕಂಡರೆ ಗುಟ್ಟು ಬಯಲಾಗುತ್ತದೆ. ಹಾಗೆಯೇ ಔಷಧಿಯೂ ಇಲ್ಲ. ಕಥೆಯಲ್ಲಿ ಮಕ್ಕಳ ಅಮ್ಮನಿಗೆ ಅಪೆಂಡಿಸೈಟಿಸ್ ಆಗುತ್ತದೆ. ಕೂಡಲೇ ಅವರನ್ನು ತಮ್ಮ ಲೋಕದ ಆಸ್ಪತ್ರೆಗೆ ಕರೆದೊಯ್ಯುತ್ತಾರೆ. ಪೊಲಿಸ್ಸೊದ ಒಬ್ಬ ಹೆಂಗಸಿಗೆ ಅದೇ ನೋವು ಬಂದರೆ ಅವಳು ಸಾಯುತ್ತಾಳೆ. ಅವಳ ಮನೆಯಲ್ಲಿ ಕಂಪೆನಿಯ ಕನ್ನಡಿ ಇದ್ದರೂ ಸಾಯುತ್ತಾಳೆ. ಗಿರಾಕಿಗೆ ಏನು ಬೇಕು ಎಂದು ನೋಡಿ ಸರಕು ತರಿಸುವುದು ವ್ಯಾಪಾರ ಎಂದು ನಮ್ಮ ಪುಸ್ತಕದಲ್ಲಿದೆ. ಇಲ್ಲಿ ಸರಕನ್ನು ಆರಿಸುವುದು ಗಿರಾಕಿಯ ಅಗತ್ಯವಲ್ಲ, ಮಾರುವವರ ಗುಟ್ಟು. ಮುಂದೆ ಶತ್ರುಸೈನ್ಯ ಬಂದು ಪಟ್ಟಣಕ್ಕೆ ಮುತ್ತಿಗೆ ಹಾಕುತ್ತದೆ. ಅದೇ ಹೊತ್ತಿಗೆ ಲೋಕಗಳ ನಡುವಿನ ಸಂಪರ್ಕವೂ ಕಡಿದು ಅಣ್ಣ ತಂಗಿ ಇಬ್ಬರೇ ಅಲ್ಲಿ ಸಿಕ್ಕಿಬೀಳುತ್ತಾರೆ. ಲೇಖಕರು ಆ ಮಕ್ಕಳ ಧೈರ್ಯವನ್ನು ಚೆನ್ನಾಗಿ ಬರೆದಿದ್ದಾರೆ. ನನ್ನ ತಲೆಯಲ್ಲಿ ಮಾತ್ರ ಬೇರೊಂದು ಲೆಕ್ಕ ಓಡುತ್ತಿತ್ತು. ಮುತ್ತಿಗೆಯ ಊರಿನಲ್ಲಿ ಗಡಿಯಾರದ ಬೆಲೆ ಎಷ್ಟು, ಇಷ್ಟು ವರ್ಷ ಗಾಡಿಯಲ್ಲಿ ಹೊರಗೆ ಹೋದ ಧಾನ್ಯದ ಬೆಲೆ ಎಷ್ಟು?

ಎರಡನೆಯ ಪುಸ್ತಕ ‘ಕ್ಯೂರಿಯಸ್ ನೋಶನ್ಸ್’ನಲ್ಲಿ ಗುಟ್ಟಿನ ಖರ್ಚನ್ನು ಯಾರು ಭರಿಸುತ್ತಾರೆ ಎಂಬುದು ಇನ್ನೂ ಸ್ಪಷ್ಟ. 1914ರ ಯುದ್ಧವನ್ನು ಜರ್ಮನಿ ಗೆದ್ದು, ಮುಂದೆ ಅಮೆರಿಕವನ್ನೂ ಆಳುತ್ತಿರುವ ಲೋಕ ಅದು. ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಕಂಪೆನಿಯ ಅಂಗಡಿ ಇದೆ, ನಡೆಸುವವರು ಪಾಲ್ ಮತ್ತು ಅವನ ಅಪ್ಪ. ಸರಕು ಇಷ್ಟು ಚೆನ್ನಾಗಿರುವುದು ಹೇಗೆ ಎಂದು ಅಧಿಕಾರಿಗಳಿಗೆ ಸಂಶಯ ಬರುತ್ತದೆ. “ಎಲ್ಲಿಂದ ತರಿಸುತ್ತೀರಿ?” ಎಂದು ಕೇಳುತ್ತಾರೆ. ಅಪ್ಪ ಏನು ಮಾಡುತ್ತಾನೆ? ಊರಿನ ಒಬ್ಬ ಸಣ್ಣ ರಿಪೇರಿ ಅಂಗಡಿಯವನ ಹೆಸರು ಹೇಳಿಬಿಡುತ್ತಾನೆ. ಚಾರ್ಲಿ ವೂ ಎಂಬ ಆ ಚೀನೀ ಮೂಲದ ಬಡವನಿಗೆ ಇದರ ಗಂಧಗಾಳಿ ಇಲ್ಲ. ಪೊಲೀಸರು ಅವನನ್ನು ಎಳೆದೊಯ್ಯುತ್ತಾರೆ. ಅವನ ಮಗಳು ಲೂಸಿ ಶೂ ಕಾರ್ಖಾನೆಯಲ್ಲಿ ದುಡಿಯುವ ಹುಡುಗಿ, ನಮ್ಮದೇ ವಯಸ್ಸು. ಅಪ್ಪನನ್ನು ಯಾಕೆ ಹಿಡಿದರು ಎಂದು ಕೇಳಿಕೊಂಡು ಆ ಅಂಗಡಿಗೇ ಬಂದು ನಿಲ್ಲುತ್ತಾಳೆ. ಸರಣಿಯಲ್ಲಿ ನನಗೆ ತುಂಬ ಇಷ್ಟವಾದ ಪಾತ್ರ ಅವಳು, ಯಾಕೆಂದರೆ ಕಂಪೆನಿಯ ಲೆಕ್ಕಪುಸ್ತಕದಲ್ಲಿ ಯಾವ ಕಲಮಿನಲ್ಲೂ ಇಲ್ಲದ ನಷ್ಟ ಅವಳದ್ದು. ಅವಳು ಗಿರಾಕಿಯಲ್ಲ, ಕೂಲಿಯವಳಲ್ಲ, ಪಾಲುದಾರಳಲ್ಲ. ಗುಟ್ಟು ಉಳಿಸಲು ಯಾರದೋ ಹೆಸರು ಬೇಕಾಗಿತ್ತು, ಅವಳ ಅಪ್ಪನ ಹೆಸರು ಸಿಕ್ಕಿತು.

ಮೂರನೆಯದು ‘ಇನ್ ಹೈ ಪ್ಲೇಸಸ್’. ನಮ್ಮ ಕಾಲೇಜಿನವರು ಇದನ್ನು ಓದಲೇಬೇಕು, ಅದಕ್ಕೆ ಬೇರೆಯೇ ಕಾರಣವಿದೆ. ಪ್ಲೇಗ್ ಯುರೋಪಿನ ಐದರಲ್ಲಿ ನಾಲ್ಕು ಪಾಲು ಜನರನ್ನು ಕೊಂದ ಲೋಕವದು. ಅಲ್ಲಿ ದಕ್ಷಿಣ ಫ್ರಾನ್ಸ್ ಮುಸ್ಲಿಮರ ನಾಡು, ಮಾರ್ಸೇ ದೊಡ್ಡ ಬಂದರು, ವಿದ್ಯೆ ವ್ಯಾಪಾರ ಎಲ್ಲ ಅವರ ಕೈಯಲ್ಲಿದೆ. ಕಂಪೆನಿಯ ಕುಟುಂಬದ ಹುಡುಗಿ ಆ್ಯನೆಟ್ ಅಲ್ಲಿ ಖದೀಜಾ ಎಂಬ ಹೆಸರಿನಲ್ಲಿ ಮುಸ್ಲಿಂ ವ್ಯಾಪಾರಿಯ ಮಗಳಾಗಿ ಬದುಕುತ್ತಾಳೆ. ವ್ಯಾಪಾರ ಮಾಡುತ್ತಿದ್ದ ಮಹಿಳೆಯ ಹೆಸರನ್ನೇ ಲೇಖಕರು ಆರಿಸಿದ್ದು ತಿಳಿದೋ ತಿಳಿಯದೆಯೋ, ನನಗಂತೂ ಸಂತೋಷವಾಯಿತು. ಆದರೆ ಸಲಾಂ ಹೇಳಿದವರಿಗೆ ಸಲಾಂ ಹೇಳುತ್ತಾ, ಒಳಗೆ ಬೇರೆಯೇ ಲೋಕದ ಲೆಕ್ಕ ಇಟ್ಟುಕೊಂಡಿರುವುದು ನನಗೆ ಸರಿ ಕಾಣಲಿಲ್ಲ. ವ್ಯಾಪಾರಕ್ಕಾಗಿ ಇನ್ನೊಬ್ಬರ ನಂಬಿಕೆಯನ್ನು ಬಟ್ಟೆಯಂತೆ ತೊಡುವುದು ನನ್ನ ಮಟ್ಟಿಗೆ ದೊಡ್ಡ ಮೋಸ. ಇದನ್ನು ಒಪ್ಪದವರೂ ನಮ್ಮಲ್ಲಿ ಇದ್ದಾರೆ.

ದಾರಿಯಲ್ಲಿ ದರೋಡೆಕೋರರು ಅವರ ತಂಡದ ಮೇಲೆ ಬೀಳುತ್ತಾರೆ. ಖದೀಜಾ ಗುಲಾಮರ ಸಂತೆಯಲ್ಲಿ ಮಾರಾಟವಾಗುತ್ತಾಳೆ. ಕೊಂಡವರು ಅವಳನ್ನು ಕರೆದೊಯ್ದು ನಿಲ್ಲಿಸಿದ ಕೋಣೆಯನ್ನು ನೋಡಿ ಅವಳ ಎದೆ ಧಸಕ್ಕೆನ್ನುತ್ತದೆ. ಅದು ಲೋಕಗಳನ್ನು ದಾಟಿಸುವ ಕಂಪೆನಿಯ ಯಂತ್ರದ ಕೋಣೆ! ಗುಲಾಮರನ್ನು ಕೊಳ್ಳುತ್ತಿರುವವರು ಅವಳದೇ ಲೋಕದವರು. ಯಾರಿಗೂ ತಿಳಿಯದ ಇನ್ನೊಂದು ಲೋಕದಲ್ಲಿ ಜಮೀನುದಾರರಂತೆ ಮೆರೆಯಲು ಅವರಿಗೆ ಆಳುಗಳು ಬೇಕಾಗಿವೆ. ಮುಂದಿನದನ್ನು ಹೇಳಿ ಓದುವವರ ರುಚಿ ಕೆಡಿಸುವುದಿಲ್ಲ.

ಇದನ್ನು ಕೆಲವು ಕೆಟ್ಟ ನೌಕರರ ಕೃತ್ಯ, ಕಂಪೆನಿ ಒಳ್ಳೆಯದೇ ಎಂದು ಓದಬಹುದು. ಪುಸ್ತಕವೂ ಸ್ವಲ್ಪ ಹಾಗೆಯೇ ವಾಲುತ್ತದೆ. ನಾನು ಒಪ್ಪುವುದಿಲ್ಲ. ಸೊಲ್ಲೆತ್ತಲು ಜಾಗವಿಲ್ಲದ ಜನ, ಹೋಗಿ ನೋಡಲಾಗದ ಲೋಕ, ಕೇಳುವವರಿಲ್ಲದ ಬಾಗಿಲು, ಈ ಮೂರನ್ನೂ ಮೊದಲೇ ಸಿದ್ಧಮಾಡಿ ಇಟ್ಟದ್ದು ಕಂಪೆನಿಯೇ. ಗಡಿಯಾರ ದಾಟಿಸಲು ಮಾಡಿದ ಗುಟ್ಟಿನ ದಾರಿಯಲ್ಲಿ ಮನುಷ್ಯರನ್ನು ದಾಟಿಸುವುದಕ್ಕೆ ಹೊಸ ದಾರಿಯೇನೂ ಬೇಕಾಗಲಿಲ್ಲ. ನಮ್ಮ ಇತಿಹಾಸದಲ್ಲೂ ದೂರ ಎಂಬುದೇ ಕಂಪೆನಿಗಳಿಗೆ ಕವಚವಾಗಿತ್ತು. ಡಚ್ ಈಸ್ಟ್ ಇಂಡಿಯಾ ಕಂಪೆನಿ 1621ರಲ್ಲಿ ಜಾಯಿಕಾಯಿಯ ಏಕಸ್ವಾಮ್ಯಕ್ಕಾಗಿ ಬಾಂದಾ ದ್ವೀಪಗಳ ಜನರನ್ನು ಕೊಂದು, ಓಡಿಸಿ, ಗುಲಾಮರಾಗಿ ಸಾಗಿಸಿ ದ್ವೀಪಗಳನ್ನೇ ಹೆಚ್ಚುಕಡಿಮೆ ಖಾಲಿ ಮಾಡಿತು. ಅಂದು ಆಮ್‌ಸ್ಟರ್‌ಡ್ಯಾಮಿನ ಅಡುಗೆಮನೆಯಲ್ಲಿ ಜಾಯಿಕಾಯಿ ತುರಿಯುತ್ತಿದ್ದವರಿಗೆ ಬಾಂದಾ ಇನ್ನೊಂದು ಲೋಕವೇ ಆಗಿತ್ತು.

ಗುಟ್ಟು ಬಯಲಾದರೆ ಆ ಯಂತ್ರವನ್ನು ಯಾರಾದರೂ ರಾಜ ಕಿತ್ತುಕೊಂಡು ಯುದ್ಧಕ್ಕೆ ಬಳಸುತ್ತಾನೆ ಎಂಬುದು ಕಂಪೆನಿಯ ಪರವಾದ ಒಳ್ಳೆಯ ವಾದ. ನಮ್ಮ ಅರ್ಥಶಾಸ್ತ್ರದ ಮೇಡಂ ಕೂಡ ಇದನ್ನೇ ಹೇಳಿದರು, ಜೊತೆಗೆ ಒಂದು ತಮಾಷೆಯನ್ನೂ ಹೇಳಿದರು. ಮುಂದೆ ನೊಬೆಲ್ ಪಡೆದ ಪಾಲ್ ಕ್ರುಗ್‌ಮನ್ 1978ರಲ್ಲಿ ನಕ್ಷತ್ರಗಳ ನಡುವಿನ ವ್ಯಾಪಾರದ ಬಗ್ಗೆ ಒಂದು ಪ್ರಬಂಧ ಬರೆದಿದ್ದರಂತೆ. ಬೆಳಕಿನ ವೇಗದ ಹತ್ತಿರ ಓಡುವ ಹಡಗಿನಲ್ಲಿ ಗಡಿಯಾರ ನಿಧಾನವಾದರೆ ಸರಕಿನ ಮೇಲಿನ ಬಡ್ಡಿಯನ್ನು ಯಾವ ಗಡಿಯಾರ ನೋಡಿ ಲೆಕ್ಕ ಹಾಕಬೇಕು? ಹಡಗಿನದಲ್ಲ, ಗ್ರಹದ್ದು ಎಂಬುದು ಅವರ ಉತ್ತರ. ಬಡ್ಡಿಯೇ ಬೇಡ ಎನ್ನುವ ನಮಗೆ ಅದರ ತಲೆಬಿಸಿ ಇಲ್ಲ ಎಂದು ಹಿಂದಿನ ಬೆಂಚಿನಿಂದ ಒಂದು ದನಿ ಬಂತು, ಮೇಡಂ ಕೂಡ ನಕ್ಕರು. ಆದರೆ ಆ ಪ್ರಬಂಧದಲ್ಲಿ ಎರಡೂ ಗ್ರಹದವರಿಗೆ ಪರಸ್ಪರರ ದರ ಗೊತ್ತಿದೆ. ತಮಾಷೆಗೆ ಬರೆದ ಲೆಕ್ಕದಲ್ಲೂ ಅಷ್ಟನ್ನು ಬಿಟ್ಟಿಲ್ಲ.

ಗುಟ್ಟು ಹೇಳಲಾಗದಿದ್ದರೆ ಹೇಳಬೇಡಿ. ಹಾಗಾದರೆ ಧಾನ್ಯವನ್ನು ಮುಟ್ಟಬೇಡಿ. ಎದುರಿನವನಿಗೆ ನಿಮ್ಮ ಪೇಟೆ ತೋರಿಸಲಾಗದಿದ್ದರೆ ಅವನ ಹೊಟ್ಟೆಗೆ ಬೇಕಾದದ್ದನ್ನು ಕೊಂಡುಕೊಳ್ಳುವ ಹಕ್ಕು ನಿಮಗಿಲ್ಲ ಎಂಬುದು ನನ್ನ ಮೊದಲ ಶರತ್ತು. ಕಂಪೆನಿಯ ಸಂಬಳ ತಿನ್ನದ ಒಬ್ಬ ತನಿಖೆಗಾರ ಪ್ರತಿ ಲೋಕದ ಬಾಗಿಲಲ್ಲೂ ಕೂತಿರಬೇಕು, ಏನು ದಾಟುತ್ತದೆ, ಯಾರು ದಾಟುತ್ತಾರೆ ಎಂದು ಬರೆದಿಡಬೇಕು. ಇದು ಎರಡನೆಯದು. ಚಾರ್ಲಿ ವೂನಂಥವರಿಗೆ ಆಗುವ ನಷ್ಟಕ್ಕೆ ಕಂಪೆನಿಯ ಲಾಭದಿಂದ ಮೊದಲೇ ಹಣ ತೆಗೆದಿಡಬೇಕು. ನನ್ನ ಗೆಳತಿಯ ಪ್ರಕಾರ ಇಷ್ಟು ಶರತ್ತು ಹಾಕಿದರೆ ಯಾವ ಕಂಪೆನಿಯೂ ಅಂಗಡಿ ತೆರೆಯುವುದಿಲ್ಲ, ಪೊಲಿಸ್ಸೊದವರಿಗೆ ಗಡಿಯಾರವೂ ಸಿಗುವುದಿಲ್ಲ.

ಮುಂದಿನ ಚರ್ಚಾಕೂಟಕ್ಕೆ ಇದೇ ವಿಷಯ ಇಡಲು ವಾಣಿಜ್ಯ ಸಂಘದವರು ಒಪ್ಪಿದ್ದಾರೆ. ಅವಳು ಕಂಪೆನಿಯ ಪರ, ನಾನು ವಿರುದ್ಧ. ವಿಜ್ಞಾನ ವಿಭಾಗದಿಂದ ಇಬ್ಬರು ಬೇಕಾಗಿದ್ದಾರೆ. ಹೆಸರನ್ನು ಗ್ರಂಥಪಾಲಕರ ಬಳಿ ಕೊಡಿ, ಪುಸ್ತಕಗಳೂ ಅಲ್ಲೇ ಇವೆ.

— ದ್ವಿತೀಯ ಪಿಯುಸಿ ವಾಣಿಜ್ಯ ವಿಭಾಗದ ವಿದ್ಯಾರ್ಥಿನಿ